ಕೌರವನ ಸಭೆಯಲ್ಲಿ ಗೆಳೆಯ ಯಾರಿದ್ದ?

ಸ್ನೇಹಕ್ಕೆ ಒಂದು ಉದಾಹರಣೆ ಹೇಳಿ ಎಂದರೆ ಕನ್ನಡಿಗರ ಬಾಯಿಗೆ ಮೊದಲು ಬರುವುದು ಕರ್ಣ–ದುರ್ಯೋಧನರ ಹೆಸರು. ಕೃಷ್ಣ–ಕುಚೇಲರ ಸರದಿ ಆಮೇಲಿನದು. ಹಳೇ ಮೈಸೂರಿನ ಹಳ್ಳಿಗಳಲ್ಲಿ ‘ಕುರುಕ್ಷೇತ್ರ’ ನಾಟಕ ಆಡುವವರು ಸಂಭಾವನೆ ಪಡೆಯುವುದಿಲ್ಲ, ತಾವೇ ಕೈಯಿಂದ ದುಡ್ಡು ಹಾಕಿ ಪಾತ್ರ ಹಿಡಿಯುತ್ತಾರೆ. ಅಲ್ಲಿನ ದುಬಾರಿ ಪಾತ್ರಗಳಲ್ಲಿ ದುರ್ಯೋಧನನದೂ ಒಂದು. ಗದೆಯನ್ನು ಹೆಗಲಿಗೇರಿಸಿ, ಕಿರೀಟ ಸರಿಮಾಡಿಕೊಂಡು, ಕರ್ಣನ ಭುಜದ ಮೇಲೆ ಕೈಯಿಟ್ಟು ಅವನು ಕಂದಪದ್ಯಕ್ಕೆ ದನಿ ಎತ್ತಿದನೆಂದರೆ ಹಾರ್ಮೋನಿಯಂ ಮೇಷ್ಟ್ರು ಮೈಯೆಲ್ಲ ಕಿವಿಯಾಗುತ್ತಾರೆ. ಚಾಪೆಯ ಮೇಲೆ ತೂಕಡಿಸುತ್ತಿದ್ದವರು ಎದ್ದು ಕೂರುತ್ತಾರೆ. ಹಿಂದಿನಿಂದ ಸಿಳ್ಳೆ, ‘ಒನ್ಸ್ ಮೋರ್’. ನೋಟಿನ ಹಾರ ಹಿಡಿದು ರಂಗಕ್ಕೆ ಹತ್ತುವ ಅಭಿಮಾನಿಗೂ ಅದೇ ಗಳಿಗೆ ಬೇಕು. 2019ರಲ್ಲಿ ಬಂದ ‘ಕುರುಕ್ಷೇತ್ರ’ ಸಿನಿಮಾ ಕೂಡ ದುರ್ಯೋಧನನನ್ನು ನಡುವೆ ನಿಲ್ಲಿಸಿ ಈ ಗೆಳೆತನವನ್ನೇ ಎತ್ತಿ ಹಿಡಿಯಿತು.

ಈ ಅಭಿಮಾನ ಸುಮ್ಮನೆ ಹುಟ್ಟಿದ್ದಲ್ಲ. ಕನ್ನಡ ಕಾವ್ಯ ಸಾವಿರ ವರ್ಷಗಳಿಂದ ಅದಕ್ಕೆ ನೀರೆರೆದಿದೆ. ಕ್ರಿ.ಶ. 941ರ ಸುಮಾರಿಗೆ ಪಂಪ ‘ವಿಕ್ರಮಾರ್ಜುನ ವಿಜಯ’ ಬರೆದಾಗ ತನ್ನ ಒಡೆಯ ಇಮ್ಮಡಿ ಅರಿಕೇಸರಿಯನ್ನು ಅರ್ಜುನನ ಜೊತೆ ಒಂದು ಮಾಡಿ ಹಾಡಿದ. ನಾಯಕ ಅರ್ಜುನನೇ. ಆದರೂ ಕರ್ಣ ಬಿದ್ದಾಗ ಕವಿಗೆ ತಡೆಯಲಾಗಲಿಲ್ಲ. ಭಾರತದಲ್ಲಿ ಒಬ್ಬನನ್ನೇ ನೆನೆಯುವುದಾದರೆ ಕರ್ಣನನ್ನು ನೆನೆ ಎಂದು ಓದುಗನಿಗೆ ಹೇಳಿಬಿಟ್ಟ. ನೆತ್ತದಾಟದ ಪ್ರಸಂಗವೂ ಅದೇ ಕಾವ್ಯದ್ದು. ಭಾನುಮತಿಯೊಂದಿಗೆ ಕರ್ಣ ಪಗಡೆ ಆಡುತ್ತಾನೆ. ಅವಳು ಸೋಲುತ್ತಾಳೆ. ಪಣಕ್ಕಾಗಿ ಹಾರಕ್ಕೆ ಕೈ ಹಾಕಿದಾಗ ಅದು ಹರಿದು ಮುತ್ತು ಚೆಲ್ಲುತ್ತದೆ. ಆ ಹೊತ್ತಿಗೆ ಒಳಬಂದ ದುರ್ಯೋಧನ ಒಂದಿಷ್ಟೂ ಶಂಕೆಯಿಲ್ಲದೆ, ಈ ಮುತ್ತುಗಳನ್ನು ಆಯ್ದುಕೊಡಲೇ ಎಂದು ಕೇಳುತ್ತಾನೆ. ಆ ಪದ್ಯದಲ್ಲಿ ಆಡುತ್ತಿದ್ದವರು ಯಾರೆಂಬ ಬಗ್ಗೆ ವಿದ್ವಾಂಸರ ವಾದವಿವಾದ ಇದ್ದೇ ಇದೆ, ಜನಮನದಲ್ಲಿ ನಿಂತದ್ದು ಮಾತ್ರ ಈ ಓದು. ಇಂಥ ಒಡೆಯನನ್ನು ಬಿಟ್ಟು ಬರಲೇ ಎಂದು ಕರ್ಣ ಕೃಷ್ಣನನ್ನೇ ಕೇಳುತ್ತಾನೆ. ಮುಂದೆ ಅದೇ ಶತಮಾನದಲ್ಲಿ ರನ್ನನ ‘ಗದಾಯುದ್ಧ’ದ ದುರ್ಯೋಧನ ಹೆಣಗಳ ನಡುವೆ ನಡೆದು ಕರ್ಣನ ಶವದ ಮುಂದೆ ನಿಂತು ಅಳುವಾಗ ಕೇಳುಗರ ಕಣ್ಣೂ ಒದ್ದೆಯಾಗುತ್ತದೆ.

ನಾವು ಸ್ನೇಹಕ್ಕೆ ಇಟ್ಟುಕೊಂಡಿರುವ ಅಳತೆಗೋಲಿಗೆ ಈ ಜೋಡಿ ಸರಿಯಾಗಿ ಹೊಂದುತ್ತದೆ. ಕಷ್ಟಕ್ಕಾದವನೇ ನೆಂಟ. ಕೈಬಿಡದವನೇ ಗೆಳೆಯ. ಸೋಲುವ ಪಕ್ಷವೆಂದು ತಿಳಿದೂ ಜಾಗ ಬದಲಿಸದವನು, ಪ್ರಾಣವನ್ನೇ ಕೊಟ್ಟವನು. ಇದಕ್ಕಿಂತ ಇನ್ನೇನು ಬೇಕು? ಈ ಪರೀಕ್ಷೆಯಲ್ಲಿ ಕರ್ಣನಿಗೆ ನೂರಕ್ಕೆ ನೂರು ಅಂಕ. ನನ್ನ ತಕರಾರು ಪರೀಕ್ಷೆಯ ಬಗ್ಗೆಯೇ. ಜೊತೆಗಿದ್ದು ಸಾಯುವುದು ನಿಷ್ಠೆ. ಸಾಯುವ ದಾರಿಗೆ ಹೋಗದಂತೆ ತಡೆಯಲು ಬಾಯಿ ತೆರೆಯುವುದು ಸ್ನೇಹ. ನಿಷ್ಠೆಯನ್ನೇ ಸ್ನೇಹವೆಂದು ಎಣಿಸಿ ನಾವು ಕರ್ಣನಿಗೆ ಅನ್ಯಾಯ ಮಾಡಿಲ್ಲ, ಸ್ನೇಹಕ್ಕೆ ಮಾಡಿದ್ದೇವೆ.

ಮಹಾಭಾರತದಲ್ಲೇ ಸಾಕ್ಷಿ ಹುಡುಕೋಣ. ಸಂಧಾನ ಮುರಿದು ಹಿಂದಿರುಗುವಾಗ ಕೃಷ್ಣ ಕರ್ಣನನ್ನು ರಥ ಹತ್ತಿಸಿಕೊಂಡು ಅವನ ಹುಟ್ಟಿನ ಗುಟ್ಟು ಹೇಳುತ್ತಾನೆ. ರಾಜ್ಯ ನಿನ್ನದೇ, ಬಾ ಎನ್ನುತ್ತಾನೆ. ಕರ್ಣ ಒಪ್ಪುವುದಿಲ್ಲ. ನಮ್ಮ ನಾಟಕ, ಹರಿಕಥೆ, ತಾಳಮದ್ದಳೆಗಳು ಈ ನಿರಾಕರಣೆಯನ್ನು ಎಷ್ಟು ಹೊಗಳಿದರೂ ಅವುಗಳಿಗೆ ತೃಪ್ತಿಯಿಲ್ಲ. ಆದರೆ ವ್ಯಾಸಭಾರತದ ಉದ್ಯೋಗಪರ್ವದಲ್ಲಿ ಕರ್ಣ ಅಷ್ಟಕ್ಕೇ ನಿಲ್ಲಿಸುವುದಿಲ್ಲ. ನಡೆಯಲಿರುವ ಯುದ್ಧವನ್ನು ಒಂದು ದೊಡ್ಡ ಯಜ್ಞವೆಂದು ಬಣ್ಣಿಸಿ, ಅದರಲ್ಲಿ ಬೀಳುವವರು ಯಾರು ಯಾರೆಂದು ವಿವರಿಸುತ್ತಾನೆ. ತನಗೆ ಬಿದ್ದ ಕನಸನ್ನು ಹೇಳುತ್ತಾನೆ; ಅದರಲ್ಲಿ ಧರ್ಮರಾಯ ತಮ್ಮಂದಿರೊಂದಿಗೆ ಸಾವಿರ ಕಂಬದ ಉಪ್ಪರಿಗೆ ಏರುತ್ತಿದ್ದಾನೆ. ಅಪಶಕುನಗಳೆಲ್ಲ ಕೌರವರ ಪಾಲಿಗೇ ಎಂದು ಒಪ್ಪಿಕೊಳ್ಳುತ್ತಾನೆ. ಎಲ್ಲಕ್ಕಿಂತ ಮುಖ್ಯವಾದ ಮಾತು ಇನ್ನೊಂದಿದೆ. ಪಾಂಡವರಿಗೆ ತಾನು ಆಡಿದ ಕಟುನುಡಿಗಳು ದುರ್ಯೋಧನನನ್ನು ಮೆಚ್ಚಿಸಲು ಆಡಿದವು, ಈಗ ಅದಕ್ಕಾಗಿ ಬೇಯುತ್ತಿದ್ದೇನೆ ಎಂದು ಬಾಯಿಬಿಟ್ಟು ಹೇಳುತ್ತಾನೆ.

ಇದನ್ನೆಲ್ಲ ಅವನು ಹೇಳಿದ್ದು ಯಾರಿಗೆ? ಎದುರು ಪಕ್ಷದ ರಾಯಭಾರಿಗೆ. ಹೇಳಬೇಕಾಗಿದ್ದದ್ದು ಯಾರಿಗೆ? ಗೆಳೆಯನಿಗೆ. ‘ನಾವು ಸೋಲುತ್ತೇವೆ, ಅಂದು ನಾನಾಡಿದ ಮಾತು ತಪ್ಪು, ನೀನು ಮಾಡಿದ್ದೂ ತಪ್ಪು, ಇನ್ನೂ ಕಾಲ ಮಿಂಚಿಲ್ಲ’ ಎಂಬ ಮಾತನ್ನು ದುರ್ಯೋಧನ ಭೀಷ್ಮ, ದ್ರೋಣ, ವಿದುರ, ಗಾಂಧಾರಿ ಎಲ್ಲರಿಂದಲೂ ಕೇಳಿದ್ದ. ಅವರ ಮಾತಿಗೆ ಅವನ ಬಳಿ ಬೆಲೆಯಿರಲಿಲ್ಲ. ಹಿರಿಯರು ಅನ್ನ ನನ್ನದು ಉಂಡು ಪಕ್ಷ ಅವರದು ವಹಿಸುತ್ತಾರೆ ಎಂಬ ಗುಮಾನಿ ಅವನದು. ಗುಮಾನಿಯಿಲ್ಲದೆ ಅವನು ಕಿವಿಗೊಡಬಹುದಾಗಿದ್ದ ಬಾಯಿ ಒಂದೇ ಇತ್ತು. ಆ ಬಾಯಿ ಮುಚ್ಚಿತ್ತು. ಕುಮಾರವ್ಯಾಸ ಈ ಗಳಿಗೆಯನ್ನು ಇನ್ನೂ ಸೂಕ್ಷ್ಮವಾಗಿ ಹಿಡಿದಿದ್ದಾನೆ. ಕೃಷ್ಣನ ಮಾತು ಕೇಳಿದ ಕರ್ಣನ ಗಂಟಲು ಬಿಗಿಯುತ್ತದೆ, ಕಣ್ಣು ತುಂಬುತ್ತದೆ, ಕುರುಪತಿಗೆ ಕೇಡು ಬಂತಲ್ಲ ಎಂದು ಅವನು ಮರುಗುತ್ತಾನೆ. ಆದರೆ ಮನಸ್ಸಿನೊಳಗೆ. ಗದುಗಿನ ಕವಿ ಅದನ್ನು ಮರೆಯದೆ ಹೇಳಿದ್ದಾನೆ.

ಮುಂದೆ ಕುಂತಿ ಬರುತ್ತಾಳೆ. ಅರ್ಜುನನೊಬ್ಬನನ್ನು ಬಿಟ್ಟು ಉಳಿದ ನಾಲ್ವರನ್ನು ಕೊಲ್ಲುವುದಿಲ್ಲ ಎಂದು ಕರ್ಣ ಅವಳಿಗೆ ಭಾಷೆ ಕೊಡುತ್ತಾನೆ. ಕೊಟ್ಟಂತೆ ನಡೆಯುತ್ತಾನೆ ಕೂಡ. ಯುದ್ಧದಲ್ಲಿ ಕೈಗೆ ಸಿಕ್ಕ ಧರ್ಮರಾಯನನ್ನು ಬಿಟ್ಟು ಕಳಿಸುತ್ತಾನೆ. ತಾಯಿಗೆ ಮಗ ಕೊಟ್ಟ ದಾನವಾಗಿ ಇದು ಬಹಳ ದೊಡ್ಡದು. ಆದರೆ ಧರ್ಮರಾಯ ಸೆರೆ ಸಿಕ್ಕಿದ್ದರೆ ಯುದ್ಧವೇ ಮುಗಿಯುತ್ತಿತ್ತು. ದ್ರೋಣ ದಿನಗಟ್ಟಲೆ ಹೆಣಗಿದ್ದೇ ಅದಕ್ಕಾಗಿ. ತನ್ನ ಸೇನಾಪತಿ ಎದುರಾಳಿಗಳ ತಾಯಿಗೆ ಇಂಥ ಭಾಷೆ ಕೊಟ್ಟಿದ್ದಾನೆ ಎಂಬ ಸಂಗತಿ ದುರ್ಯೋಧನನಿಗೆ ಗೊತ್ತೇ ಇಲ್ಲ. ಪ್ರಾಣ ಕೊಟ್ಟವನು ನಿಜ ಕೊಡಲಿಲ್ಲ. ಗೆಳೆಯನಿಗೆ ಇವೆರಡರಲ್ಲಿ ಯಾವುದು ಹೆಚ್ಚು ಬೇಕಾಗಿತ್ತು?

ಕರ್ಣನಿಗೆ ಇಲ್ಲ ಎನ್ನಲು ಬರುತ್ತಲೇ ಇರಲಿಲ್ಲ ಎಂದು ಹೇಳುವಂತೆಯೂ ಇಲ್ಲ. ಭೀಷ್ಮ ತನ್ನನ್ನು ಅರ್ಧರಥನೆಂದು ಎಣಿಸಿದ ಸಿಟ್ಟಿಗೆ, ಆ ಮುದುಕ ಇರುವವರೆಗೆ ಬಿಲ್ಲು ಮುಟ್ಟುವುದಿಲ್ಲ ಎಂದು ಹತ್ತು ದಿನ ಡೇರೆಯಲ್ಲಿ ಕೂತವನು ಅವನು. ದುರ್ಯೋಧನನಿಗೆ ಅದರಿಂದ ಎಷ್ಟು ನಷ್ಟವಾಯಿತೆಂಬ ಲೆಕ್ಕ ಅವನನ್ನು ತಡೆಯಲಿಲ್ಲ. ತನ್ನ ಮಾನಕ್ಕಾಗಿ ಇಲ್ಲ ಎನ್ನಬಲ್ಲವನಿಗೆ ಗೆಳೆಯನ ಹಿತಕ್ಕಾಗಿ ಇಲ್ಲ ಎನ್ನಲು ಆಗಲಿಲ್ಲ. ಯಾಕೆ?

ಯಾಕೆಂದರೆ ಇಬ್ಬರ ನಡುವೆ ಋಣ ಬಂದು ಕೂತಿತ್ತು. ರಂಗಮಂಟಪದಲ್ಲಿ ಎಲ್ಲರೂ ಕುಲ ಕೇಳಿ ಕರ್ಣನನ್ನು ತಲೆತಗ್ಗಿಸುವಂತೆ ಮಾಡಿದಾಗ ದುರ್ಯೋಧನ ನಿಂತ ನಿಲುವಿನಲ್ಲೇ ಅಂಗರಾಜ್ಯದ ಪಟ್ಟ ಕಟ್ಟಿದ. ಆ ಉಪಕಾರವನ್ನು ಹಗುರ ಮಾಡುವವನು ಜಾತಿಯ ಅವಮಾನ ಏನೆಂದು ಅರಿಯದವನು. ಆ ಹೊತ್ತಿನಲ್ಲಿ ನಡೆದ ಒಂದು ಚಿಕ್ಕ ಸಂಭಾಷಣೆಯನ್ನು ಆದಿಪರ್ವ ಉಳಿಸಿಕೊಟ್ಟಿದೆ. ಇಷ್ಟು ದೊಡ್ಡ ಕೊಡುಗೆಗೆ ಪ್ರತಿಯಾಗಿ ನಾನೇನು ಕೊಡಲಿ ಎಂದು ಕರ್ಣ ಕೇಳುತ್ತಾನೆ. ನಿನ್ನ ಸ್ನೇಹ ಸಾಕು ಎಂಬುದು ದುರ್ಯೋಧನನ ಉತ್ತರ. ಕೇಳಿದವನು ಕೇಳಿದ್ದು ಸ್ನೇಹವನ್ನೇ. ಕರ್ಣ ಮಾತ್ರ ಕೊನೆಯವರೆಗೂ ಸಾಲ ತೀರಿಸುತ್ತಲೇ ಹೋದ. ಸಾಲಗಾರ ಬಡ್ಡಿ ಕಟ್ಟಬಲ್ಲ, ಅಸಲು ತೀರಿಸಬಲ್ಲ, ಬೇಕಾದರೆ ತನ್ನನ್ನೇ ಅಡವಿಡಬಲ್ಲ. ಸಾಲ ಕೊಟ್ಟವನ ಮುಖ ನೋಡಿ ‘ನೀನು ಮಾಡುತ್ತಿರುವುದು ಸರಿಯಲ್ಲ’ ಎನ್ನುವುದು ಅವನಿಗೆ ಕಷ್ಟ. ನಮ್ಮ ಕಿರಾಣಿ ಅಂಗಡಿಗಳ ಗೋಡೆಯ ಮೇಲೆ, ಸಾಲ ಸ್ನೇಹ ಕೆಡಿಸುತ್ತದೆ ಎಂಬ ಅರ್ಥದ ಬೋರ್ಡು ನೇತಾಡುವುದು ಹಣದ ವಿಚಾರಕ್ಕೆ. ಉಪಕಾರದ ವಿಚಾರಕ್ಕೂ ಅದು ಸಲ್ಲುತ್ತದೆ. ಕೃತಜ್ಞತೆ ದೊಡ್ಡ ಗುಣವೇ ಹೌದು, ಆದರೆ ಅದರ ದೃಷ್ಟಿ ಹಿಂದಕ್ಕೆ, ಅಂದು ನೀನು ಮಾಡಿದ್ದರ ಕಡೆಗೆ. ಸ್ನೇಹ ನೋಡುವುದು ಇಂದು ನೀನು ಎತ್ತ ಹೊರಟಿದ್ದೀಯ ಎಂಬುದರ ಕಡೆಗೆ.

ಹಾಗಾದರೆ ಕೌರವನ ಸಭೆಯಲ್ಲಿ ದುರ್ಯೋಧನನಿಗೆ ಗೆಳೆಯನ ಕೆಲಸ ಮಾಡಿದವರು ಯಾರೂ ಇರಲಿಲ್ಲವೇ? ಒಬ್ಬನಿದ್ದ. ಅವನ ಹೆಸರು ವಿಕರ್ಣ, ನೂರ್ವರಲ್ಲೊಬ್ಬ ತಮ್ಮ. ಪಾಂಡವರು ಜೂಜಿನಲ್ಲಿ ಸೋತ ದಿನ ದ್ರೌಪದಿ ಕೇಳಿದ ಪ್ರಶ್ನೆಗೆ ಹಿರಿಯರೆಲ್ಲ ತಲೆ ಕೆಳಗೆ ಹಾಕಿದಾಗ ಎದ್ದು ನಿಂತು, ಅವಳನ್ನು ಪಣಕ್ಕಿಟ್ಟದ್ದೇ ಸರಿಯಲ್ಲ, ಅವಳು ಸೋತವಳಲ್ಲ ಎಂದು ವಾದ ಮಂಡಿಸಿದವನು ಅವನು. ಆ ಹುಡುಗನನ್ನು ಗದರಿಸಿ ಕೂರಿಸಿದವನು ಯಾರು? ಕರ್ಣ. ನೀನಿನ್ನೂ ಎಳಸು, ನಿನಗೆ ಧರ್ಮ ತಿಳಿಯದು ಎಂದು ಅವನ ಬಾಯಿ ಮುಚ್ಚಿಸಿದ. ದುರ್ಯೋಧನನ ಮನೆತನ ಉಳಿಯಲು ಇದ್ದ ಒಂದೇ ಅವಕಾಶವನ್ನು ತಮ್ಮ ತೆರೆದ, ಜೀವದ ಗೆಳೆಯ ಮುಚ್ಚಿದ.

ವಿಕರ್ಣ ಆಮೇಲೆ ಏನು ಮಾಡಿದ ಎಂಬುದೂ ಮುಖ್ಯ. ಪಕ್ಷ ಬಿಟ್ಟು ಹೋಗಲಿಲ್ಲ. ‘ನಾನು ಆವತ್ತೇ ಹೇಳಿದ್ದೆ’ ಎಂದು ಊರೆಲ್ಲ ಸಾರುತ್ತಾ ತಿರುಗಲಿಲ್ಲ. ಯುದ್ಧದ ಹದಿನಾಲ್ಕನೆಯ ದಿನ ಭೀಮನ ಕೈಗೆ ಸಿಕ್ಕು ಕರ್ಣ ಒದ್ದಾಡುತ್ತಿರುವಾಗ ಅವನನ್ನು ಬಿಡಿಸಿಕೊಂಡು ಬರಲು ದುರ್ಯೋಧನ ಕಳಿಸಿದ ತಮ್ಮಂದಿರಲ್ಲಿ ವಿಕರ್ಣನೂ ಇದ್ದ. ತನ್ನ ಬಾಯಿ ಮುಚ್ಚಿಸಿದವನನ್ನು ಉಳಿಸಲು ಹೋಗಿ ಸತ್ತ. ಕೊಂದ ಭೀಮನೇ ಅವನಿಗಾಗಿ ನೊಂದುಕೊಂಡ. ಸಿಳ್ಳೆ ಬೀಳುವ ನಾಟಕಗಳಲ್ಲಿ ಈ ಸಾವಿಗೆ ಒಂದು ಕಂದಪದ್ಯವೂ ಸಿಗದಿದ್ದರೆ ಆಶ್ಚರ್ಯವಿಲ್ಲ. ನಮಗೆ ನಿಷ್ಠೆ ಕಾಣುತ್ತದೆ, ಏಕೆಂದರೆ ಅದು ಸದ್ದು ಮಾಡುತ್ತದೆ. ಅದಕ್ಕಿಂತ ಮುಂಚೆ ಆಡಿದ ಒಂದು ಎದುರುಮಾತು ಯಾರ ಕಣ್ಣಿಗೂ ಬೀಳುವುದಿಲ್ಲ.

ಹಳೆಯ ಕಾಲದ ತಿಳಿದವರು ಇದನ್ನು ಕಂಡಿದ್ದರು. ಭರ್ತೃಹರಿ ‘ನೀತಿಶತಕ’ದಲ್ಲಿ ಒಳ್ಳೆಯ ಗೆಳೆಯನ ಲಕ್ಷಣಗಳನ್ನು ಪಟ್ಟಿ ಮಾಡುತ್ತಾನೆ. ಆಪತ್ತಿನಲ್ಲಿ ಕೈಬಿಡದಿರುವುದು ಅದರಲ್ಲಿ ಇದೆ, ಹೊತ್ತಿಗೆ ಒದಗುವುದೂ ಇದೆ. ಆದರೆ ಅವು ಐದನೆಯ ಮತ್ತು ಆರನೆಯ ಜಾಗದಲ್ಲಿವೆ. ಮೊದಲ ಜಾಗದಲ್ಲಿರುವುದು ಪಾಪದ ದಾರಿಯಿಂದ ತಡೆಯುವುದು, ಎರಡನೆಯದು ಹಿತಕ್ಕೆ ಹಚ್ಚುವುದು. ರೋಮಿನ ಸಿಸೆರೊ ಕ್ರಿ.ಪೂ. 44ರಲ್ಲಿ ಸ್ನೇಹದ ಬಗ್ಗೆ ಬರೆದ ಪುಟ್ಟ ಪುಸ್ತಕದಲ್ಲಿ ಬ್ಲಾಸಿಯಸ್ ಎಂಬವನ ಕಥೆ ಬರುತ್ತದೆ. ಟೈಬೀರಿಯಸ್ ಗ್ರಾಕಸ್‌ನ ಗೆಳೆಯ ಅವನು. ಗ್ರಾಕಸ್ ಹೇಳಿದ್ದರೆ ಊರಿನ ದೇವಸ್ಥಾನಕ್ಕೂ ಬೆಂಕಿ ಇಡುತ್ತಿದ್ದೆಯಾ ಎಂದು ಕೇಳಿದಾಗ, ಅವನು ಹಾಗೆ ಹೇಳುವವನಲ್ಲ, ಹೇಳಿದ್ದರೆ ಇಡುತ್ತಿದ್ದೆ ಎಂದುಬಿಟ್ಟ. ನಮ್ಮ ಯಾವ ಸಿನಿಮಾದಲ್ಲಾದರೂ ಈ ಉತ್ತರಕ್ಕೆ ಚಪ್ಪಾಳೆ ಬೀಳುತ್ತದೆ. ಸಿಸೆರೊ ಅದನ್ನು ಅಪರಾಧವೆಂದೇ ಎಣಿಸಿದ. ಗೆಳೆಯನಿಂದ ಕೆಟ್ಟದ್ದನ್ನು ಕೇಳಲೂ ಕೂಡದು, ಕೇಳಿದರೆ ಮಾಡಲೂ ಕೂಡದು ಎಂಬುದು ಅವನು ಹಾಕಿಕೊಟ್ಟ ಕಟ್ಟಳೆ. ಅರಿಸ್ಟಾಟಲ್ ತನ್ನ ನೀತಿಶಾಸ್ತ್ರದ ಎರಡು ಇಡೀ ಭಾಗಗಳನ್ನು ಸ್ನೇಹಕ್ಕೆ ಮೀಸಲಿಟ್ಟು, ಲಾಭದ ಸ್ನೇಹ, ಮೋಜಿನ ಸ್ನೇಹ, ಗುಣದ ಸ್ನೇಹ ಎಂದು ಮೂರು ಬಗೆ ಮಾಡಿದ. ಮೊದಲೆರಡು ಕಾರಣ ಮುಗಿದ ಕೂಡಲೇ ಮುಗಿಯುತ್ತವೆ. ಮೂರನೆಯದು ಇನ್ನೊಬ್ಬನ ಒಳಿತನ್ನು ಅವನಿಗಾಗಿಯೇ ಬಯಸುವುದು. ಒಳಿತು ಬಯಸುವವನಿಗೆ ಮೆಚ್ಚುಗೆ ಬಯಸುವ ಪುರುಸೊತ್ತು ಇರುವುದಿಲ್ಲ.

ಪುರಾಣ ಬಿಟ್ಟು ನಮ್ಮ ಹತ್ತಿರದ ಕಾಲಕ್ಕೆ ಬಂದರೆ, ಈ ಬಗೆಯ ಸ್ನೇಹಕ್ಕೆ ನನಗೆ ಕಾಣುವ ದೊಡ್ಡ ಉದಾಹರಣೆ ಗಾಂಧಿ ಮತ್ತು ಟ್ಯಾಗೋರ್. ದಕ್ಷಿಣ ಆಫ್ರಿಕದಿಂದ ಬಂದ ಫೀನಿಕ್ಸ್ ಆಶ್ರಮದ ಹುಡುಗರಿಗೆ ನೆಲೆ ಕೊಟ್ಟದ್ದು ಟ್ಯಾಗೋರರ ಶಾಂತಿನಿಕೇತನ. ಪರಿಚಯ ಆರಂಭವಾದದ್ದೇ ಹೀಗೆ, ಒಂದು ಉಪಕಾರದಿಂದ. ಆದರೆ ಆ ಉಪಕಾರ ಇಬ್ಬರಲ್ಲಿ ಯಾರ ನಾಲಿಗೆಯನ್ನೂ ಕಟ್ಟಲಿಲ್ಲ. 1921ರಲ್ಲಿ ಅಸಹಕಾರ ಚಳವಳಿ ಏರುಗಾಲದಲ್ಲಿದ್ದಾಗ, ಗಾಂಧಿಯ ವಿರುದ್ಧ ಮಾತಾಡುವುದೇ ದೇಶದ್ರೋಹ ಎಂಬಂಥ ವಾತಾವರಣದಲ್ಲಿ, ಟ್ಯಾಗೋರ್ ‘ಮಾಡರ್ನ್ ರಿವ್ಯೂ’ದಲ್ಲಿ ಲೇಖನ ಬರೆದು, ಯೋಚಿಸದೆ ಚರಕ ತಿರುಗಿಸುವುದು, ಬಟ್ಟೆ ಸುಡುವುದು ಬುದ್ಧಿಯ ಗುಲಾಮಗಿರಿ ಎಂದು ವಾದಿಸಿದರು. ಗಾಂಧಿ ‘ಯಂಗ್ ಇಂಡಿಯಾ’ದಲ್ಲಿ ಉತ್ತರ ಬರೆದರು. ಉತ್ತರದ ತಲೆಬರಹದಲ್ಲೇ ಕವಿಯನ್ನು ಮಹಾ ಕಾವಲುಗಾರ ಎಂದು ಕರೆದರು. ಒಳಗೆ ಮಾತ್ರ ಒಂದು ಅಂಶವನ್ನೂ ಬಿಟ್ಟುಕೊಡಲಿಲ್ಲ. 1925ರಲ್ಲಿ ಚರಕದ ಬಗ್ಗೆ ಮತ್ತೊಂದು ಸುತ್ತು ನಡೆಯಿತು.

1932ರ ಸೆಪ್ಟೆಂಬರ್‌ನಲ್ಲಿ ಗಾಂಧಿ ಯರವಡಾ ಜೈಲಿನಲ್ಲಿ ಉಪವಾಸ ಕೂತಾಗ ಎಪ್ಪತ್ತು ದಾಟಿದ ಟ್ಯಾಗೋರ್ ಪುಣೆಗೆ ಬಂದರು. 26ರಂದು ಉಪವಾಸ ಮುರಿಯುವಾಗ ಪಕ್ಕದಲ್ಲಿ ಕೂತು ತಮ್ಮದೇ ಗೀತೆಯೊಂದನ್ನು ಹಾಡಿದರು. ನಮ್ಮ ಅಳತೆಗೋಲಿನ ಪ್ರಕಾರ ಇದು ಸ್ನೇಹದ ಶಿಖರ. ಕಷ್ಟಕಾಲದಲ್ಲಿ ಬಂದು ಜೊತೆಗೆ ಕೂತದ್ದು. ಆದರೆ ಕಥೆ ಇಲ್ಲಿಗೆ ಮುಗಿಯುವುದಿಲ್ಲ. 1934ರ ಜನವರಿ 15ರಂದು ಬಿಹಾರದಲ್ಲಿ ಭೂಕಂಪವಾಗಿ ಸಾವಿರಾರು ಜನ ಸತ್ತರು. ಅದು ಅಸ್ಪೃಶ್ಯತೆಯ ಪಾಪಕ್ಕೆ ದೇವರು ಕೊಟ್ಟ ಶಿಕ್ಷೆ ಎಂದರು ಗಾಂಧಿ. ಟ್ಯಾಗೋರ್‌ಗೆ ಅಸ್ಪೃಶ್ಯತೆಯ ಮೇಲೆ ಗಾಂಧಿಗಿದ್ದಷ್ಟೇ ಸಿಟ್ಟಿತ್ತು. ಯರವಡಾದಲ್ಲಿ ಜೊತೆಗೆ ಕೂತದ್ದೂ ಆ ವಿಚಾರಕ್ಕೇ. ‘ಮಾತು ತಪ್ಪಾದರೂ ಉದ್ದೇಶ ಒಳ್ಳೆಯದಲ್ಲವೇ, ಸುಮ್ಮನಿರೋಣ’ ಎನ್ನಬಹುದಿತ್ತು. ಸುಮ್ಮನಿರಲಿಲ್ಲ. ಪ್ರಕೃತಿಯ ಘಟನೆಗೆ ನೈತಿಕ ಕಾರಣ ಹಚ್ಚುವುದು ಜನರಲ್ಲಿ ಮೂಢನಂಬಿಕೆಯನ್ನು ಬೆಳೆಸುತ್ತದೆ, ಅದನ್ನು ಇಡೀ ದೇಶ ನಂಬುವ ಮನುಷ್ಯ ಹೇಳಿದರೆ ಅಪಾಯ ಇನ್ನೂ ಹೆಚ್ಚು ಎಂದು ಬರೆದರು. ಆ ಬರಹ ಅಚ್ಚಾದದ್ದು ಎಲ್ಲಿ? ಗಾಂಧಿಯವರದೇ ‘ಹರಿಜನ’ ಪತ್ರಿಕೆಯಲ್ಲಿ, ಫೆಬ್ರುವರಿ 16ರ ಸಂಚಿಕೆಯಲ್ಲಿ, ಗಾಂಧಿಯವರ ಉತ್ತರದ ಜೊತೆಗೆ. ಇಬ್ಬರೂ ತಮ್ಮ ತಮ್ಮ ಜಾಗ ಬಿಟ್ಟು ಕದಲಲಿಲ್ಲ.

ಎರಡು ವರ್ಷ ಕಳೆಯಿತು. 1936ರಲ್ಲಿ, ಎಪ್ಪತ್ತೈದರ ಹತ್ತಿರ ಬಂದಿದ್ದ ಟ್ಯಾಗೋರ್ ತಾವು ಕಟ್ಟಿದ ವಿಶ್ವಭಾರತಿಯ ಸಾಲ ತೀರಿಸಲು ನಾಟಕ ತಂಡ ಕಟ್ಟಿಕೊಂಡು ಊರೂರು ಅಲೆಯುತ್ತಿದ್ದರು. ಅವರು ದೆಹಲಿಗೆ ಬಂದಾಗ ಗಾಂಧಿ ಅರವತ್ತು ಸಾವಿರ ರೂಪಾಯಿ ಹೊಂದಿಸಿ ಕೊಟ್ಟು, ಇನ್ನು ಈ ವಯಸ್ಸಿನಲ್ಲಿ ಅಲೆದಾಟ ಸಾಕು ಎಂದರು. 1940ರಲ್ಲಿ ಗಾಂಧಿ ಶಾಂತಿನಿಕೇತನಕ್ಕೆ ಹೋದಾಗ, ಹೊರಡುವ ಹೊತ್ತಿಗೆ ಟ್ಯಾಗೋರ್ ಕೈಗೊಂದು ಪತ್ರ ಕೊಟ್ಟರು. ತಮ್ಮ ನಂತರ ವಿಶ್ವಭಾರತಿಯನ್ನು ನೋಡಿಕೊಳ್ಳಬೇಕೆಂಬ ಬೇಡಿಕೆ ಅದರಲ್ಲಿತ್ತು. ಬದುಕಿನ ಅತಿ ಪ್ರೀತಿಯ ವಸ್ತುವನ್ನು ಅವರು ಒಪ್ಪಿಸಿದ್ದು ತಮ್ಮ ಮಾತಿಗೆಲ್ಲ ಹೂಂಗುಟ್ಟಿದ ಶಿಷ್ಯನಿಗಲ್ಲ, ಇಪ್ಪತ್ತು ವರ್ಷ ತಮ್ಮೊಡನೆ ವಾದಿಸಿದ ಮನುಷ್ಯನಿಗೆ. ವಾದಿಸಿದವನ ಮಾತಿಗೆ ತೂಕವಿರುತ್ತದೆ ಎಂಬುದೇ ಇದರ ಕಾರಣ. ಎಲ್ಲದಕ್ಕೂ ಹೌದು ಎನ್ನುವವನ ಹೌದಿಗೆ ಏನು ಬೆಲೆ?

ದೊಡ್ಡವರಿಗೆ ಮಾತ್ರ ಸಾಧ್ಯವಾಗುವ ಸ್ನೇಹ ಇದು ಎಂದು ತಳ್ಳಿಹಾಕುವುದು ಸುಲಭ. ಆದರೆ ಇದರ ಪರೀಕ್ಷೆ ನಡೆಯುವುದು ನಮ್ಮ ನಡುಮನೆಗಳಲ್ಲೇ. ಸಂಜೆ ಹೊತ್ತು ಒಬ್ಬ ಹಳೆಯ ಗೆಳೆಯ ಬರುತ್ತಾನೆ. ಕಾಫಿ ಆಗುತ್ತದೆ, ಮಕ್ಕಳ ಓದಿನ ಮಾತಾಗುತ್ತದೆ, ಮಳೆಯ ಮಾತಾಗುತ್ತದೆ. ಎದ್ದು ಹೊರಡುವ ಮುಂಚೆ ಪ್ಲಾಸ್ಟಿಕ್ ಕವರಿನಿಂದ ಸಹಕಾರ ಸಂಘದ ಸಾಲದ ಅರ್ಜಿ ಹೊರಬರುತ್ತದೆ. ಸಹಿ ಹಾಕಬೇಕಾದ ಜಾಗಕ್ಕೆ ಪೆನ್ಸಿಲಿನಲ್ಲಿ ಗುರುತು ಹಾಕಿ ಆಗಿದೆ. ‘ಸುಮ್ನೆ ಫಾರ್ಮಾಲಿಟಿ ಕಣೋ, ನಿನ್ನ ಸಂಬಳದ ಸರ್ಟಿಫಿಕೇಟ್ ಒಂದು ಇದ್ರೆ ಸಾಕು.’ ಅದು ಫಾರ್ಮಾಲಿಟಿ ಅಲ್ಲ ಎಂದು ಇಬ್ಬರಿಗೂ ಗೊತ್ತು. 1872ರ ಭಾರತೀಯ ಕರಾರು ಕಾಯ್ದೆಯ 128ನೆಯ ಕಲಮಿನ ಪ್ರಕಾರ, ಕರಾರಿನಲ್ಲಿ ಬೇರೆ ಹೇಳಿಲ್ಲದಿದ್ದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆಯೂ ಅಷ್ಟೇ. ಗೆಳೆಯ ಹಳೆಯ ಸಾಲ ತೀರಿಸಲು ಹೊಸ ಸಾಲ ತೆಗೆಯುತ್ತಿದ್ದಾನೆ ಎಂಬುದೂ ಮನೆಯಾತನಿಗೆ ಗೊತ್ತಿದೆ.

ಈಗ ಮೂರು ದಾರಿಗಳಿವೆ. ಒಂದು, ಮುಖ ಕೆಡುತ್ತದೆಂದು ಏನೂ ಕೇಳದೆ ಸಹಿ ಹಾಕುವುದು. ಇದು ಕರ್ಣನ ದಾರಿ. ನೋಡುವವರು ಎಂಥ ದೊಡ್ಡ ಮನಸ್ಸು ಎನ್ನುತ್ತಾರೆ. ಎರಡು, ಹೆಂಡತಿ ಬೇಡ ಎನ್ನುತ್ತಾಳೆ, ಆಫೀಸಿನಲ್ಲಿ ಬಿಡುವುದಿಲ್ಲ ಎಂದು ನೆಪ ಹೇಳಿ ಜಾರಿಕೊಳ್ಳುವುದು. ನಮ್ಮಲ್ಲಿ ಹೆಚ್ಚಿನವರು ಹಿಡಿಯುವ ದಾರಿ ಇದು. ಮೂರನೆಯದು ಕಷ್ಟದ್ದು. ‘ಒಟ್ಟು ಸಾಲ ಎಷ್ಟಿದೆ, ಎಲ್ಲ ಹೇಳು’ ಎಂದು ಕೂರಿಸಿಕೊಂಡು ಕಾಗದದ ಮೇಲೆ ಲೆಕ್ಕ ಹಾಕುವುದು. ಈ ಸಹಿ ನಿನ್ನನ್ನು ಇನ್ನೂ ಆಳಕ್ಕೆ ತಳ್ಳುತ್ತದೆ, ಹಾಕಲಾರೆ ಎನ್ನುವುದು. ಸೈಟು ಮಾರುವುದೋ, ಮದುವೆಯ ಖರ್ಚು ಅರ್ಧಕ್ಕಿಳಿಸುವುದೋ, ಅವನಿಗೆ ಕಹಿಯಾಗುವ ಮಾತನ್ನು ಆಡುವುದು. ಕೈಲಾದಷ್ಟು ಹಣವನ್ನು ವಾಪಸು ಕೇಳದ ಹಣವೆಂದೇ ಕೊಡುವುದು. ಮುಂದಿನ ವಾರ ಅವನು ಬರದಿದ್ದರೆ ತಾನೇ ಅವನ ಮನೆಗೆ ಹೋಗುವುದು. ಈ ದಾರಿಯಲ್ಲಿ ಗೆಳೆತನ ಮುರಿಯುವ ಸಂಭವ ಬಹಳ. ಮೊದಲನೆಯ ದಾರಿಯಲ್ಲಿ ಗೆಳೆತನವೂ ಗೆಳೆಯನೂ ಒಟ್ಟಿಗೆ ಮುರಿಯುತ್ತಾರೆ, ಒಂದೆರಡು ವರ್ಷ ತಡವಾಗಿ.

ಇಲ್ಲಿ ಇಬ್ಬರು ಆಕ್ಷೇಪ ಎತ್ತಬಹುದು. ಮೊದಲನೆಯವರು ಹೇಳುವುದು ಇದು: ತಪ್ಪು ಎತ್ತಿ ತೋರಿಸಲು ಅಪ್ಪ ಅಮ್ಮ, ಮೇಲಧಿಕಾರಿ, ಇಡೀ ಊರೇ ಇದೆ. ಗೆಳೆಯನ ಹತ್ತಿರ ಹೋಗುವುದು ಇವರೆಲ್ಲರಿಂದ ತಪ್ಪಿಸಿಕೊಳ್ಳಲು. ಅವನೂ ಉಪದೇಶಕ್ಕೆ ನಿಂತರೆ ಹೋಗುವುದೆಲ್ಲಿಗೆ? ಈ ಮಾತಿನಲ್ಲಿ ಸತ್ಯವಿದೆ. ಮನುಷ್ಯನಿಗೆ ಲೆಕ್ಕ ಕೊಡಬೇಕಿಲ್ಲದ ಒಂದು ಜಾಗ ಬೇಕು. ಹರಟೆ, ತಮಾಷೆ, ಚಹಾದಂಗಡಿಯ ಮುಂದೆ ಸುಮ್ಮನೆ ನಿಲ್ಲುವುದು, ಇವು ಸ್ನೇಹದ ದಿನದ ಅನ್ನ. ಎದುರುಮಾತು ವರ್ಷಕ್ಕೊಮ್ಮೆಯೋ ಹತ್ತು ವರ್ಷಕ್ಕೊಮ್ಮೆಯೋ ಬೇಕಾಗುವ ಔಷಧಿ. ದಿನವೂ ಔಷಧಿ ಬಡಿಸುವವನನ್ನು ಯಾರೂ ಊಟಕ್ಕೆ ಕರೆಯುವುದಿಲ್ಲ. ‘ನಾನು ಇದ್ದದ್ದನ್ನು ಇದ್ದ ಹಾಗೆ ಹೇಳುವವನು’ ಎಂದು ಎದೆ ತಟ್ಟಿಕೊಂಡು ಇನ್ನೊಬ್ಬರನ್ನು ಚುಚ್ಚುವುದರಲ್ಲಿ ಸುಖ ಕಾಣುವವರೂ ನಮ್ಮ ನಡುವೆ ಕಡಿಮೆಯಿಲ್ಲ. ಅವರನ್ನು ಗೆಳೆಯರಿಂದ ಬೇರೆಮಾಡಿ ನೋಡಲು ವಿಕರ್ಣನ ಲೆಕ್ಕ ಸಾಕು. ಮಾತು ಎದುರಿಗೆ ಆಡಿದ್ದೇ, ಬೆನ್ನ ಹಿಂದೆಯೇ? ಆಡಿದ್ದಕ್ಕೆ ಅವನು ಬೆಲೆ ತೆತ್ತನೇ, ಅಥವಾ ಅದರಿಂದ ಅವನಿಗೇ ಮೆಚ್ಚುಗೆ ಸಿಕ್ಕಿತೇ? ಆಡಿದ ಮೇಲೆ ಅವನು ಉಳಿದನೇ, ಎದ್ದು ಹೋದನೇ?

ಎರಡನೆಯ ಆಕ್ಷೇಪ ಹೆಚ್ಚು ಗಟ್ಟಿಯಾದದ್ದು. ಹೇಳಿಯೂ ಕೇಳದ ಗೆಳೆಯನ ಜೊತೆ ಎಲ್ಲಿಯವರೆಗೆ ಇರಬೇಕು? ಅನ್ಯಾಯವೆಂದು ಸಭೆಯಲ್ಲಿ ಹೇಳಿದ ವಿಕರ್ಣ ಅದೇ ಅನ್ಯಾಯದ ಪರವಾಗಿ ಬಿಲ್ಲು ಹಿಡಿದದ್ದು ಸರಿಯೇ? ಅದೇ ಮನೆಯ ಯುಯುತ್ಸು ಪಕ್ಷ ಬಿಟ್ಟು ಪಾಂಡವರ ಕಡೆ ಹೋದ. ವಿಭೀಷಣ ಅಣ್ಣನಿಗೆ ಹೇಳುವಷ್ಟು ಹೇಳಿ ಹೊರಟುಬಿಟ್ಟ. ನನ್ನ ಉತ್ತರ ಇಷ್ಟು: ಗೆಳೆಯನ ತಪ್ಪಿನಿಂದ ನಷ್ಟವಾಗುವುದು ಅವನಿಗೇ ಆದರೆ ಜೊತೆಗಿರಬೇಕು, ಮತ್ತೆ ಮತ್ತೆ ಹೇಳುತ್ತಲೂ ಇರಬೇಕು. ನಷ್ಟ ಮೂರನೆಯವರಿಗಾದರೆ, ಅದಕ್ಕೆ ಕೈ ಜೋಡಿಸುವ ಹಕ್ಕು ಸ್ನೇಹಕ್ಕಿಲ್ಲ. ಸಭೆಯ ನಡುವೆ ನಿಂತಿದ್ದ ದ್ರೌಪದಿಗೆ ಕರ್ಣ ಎಂಥ ಒಳ್ಳೆಯ ಸ್ನೇಹಿತ ಎಂಬುದರಿಂದ ಆಗಬೇಕಾದದ್ದೇನೂ ಇರಲಿಲ್ಲ. ತಪ್ಪು ಮಾಡಿದ ಗೆಳೆಯನನ್ನು ಜೈಲಿಗೆ ಹೋಗಿ ಕಾಣುವುದು, ಅವನ ಮಕ್ಕಳ ಶಾಲೆಯ ಫೀಸು ಕಟ್ಟುವುದು ಸ್ನೇಹ. ಅವನ ಪರವಾಗಿ ಸುಳ್ಳು ಸಾಕ್ಷಿ ಹೇಳುವುದು ಸ್ನೇಹದ ಹೆಸರಿನಲ್ಲಿ ಇನ್ಯಾರಿಗೋ ಮಾಡುವ ದ್ರೋಹ. ಈ ಗೆರೆಯ ಮಟ್ಟಿಗೆ ವಿಕರ್ಣನೂ ಅರ್ಧ ದಾರಿಯಲ್ಲೇ ನಿಂತವನು. ಅಷ್ಟಾದರೂ ಅವನು ಕರ್ಣನಿಗಿಂತ ಒಂದು ಹೆಜ್ಜೆ ಮುಂದೆ ಇದ್ದ.

ಇಷ್ಟು ಹೊತ್ತು ಕರ್ಣನನ್ನೇ ಕಟಕಟೆಯಲ್ಲಿ ನಿಲ್ಲಿಸಿದ್ದೇವೆ. ನ್ಯಾಯವಾಗಿ ನೋಡಿದರೆ ಹೆಚ್ಚಿನ ಹೊಣೆ ದುರ್ಯೋಧನನದು. ವಿದುರ ನಿಜ ಹೇಳಿದಾಗಲೆಲ್ಲ ಅವಮಾನ ಮಾಡಿದವನ ಮುಂದೆ, ತಮ್ಮನೇ ಎದ್ದು ಮಾತಾಡಿದಾಗ ಕಿವಿಗೊಡದವನ ಮುಂದೆ ಬಾಯಿ ತೆರೆಯುವುದು ಹೇಗೆ? ತನ್ನ ಸುತ್ತ ಯಾರೂ ಎದುರಾಡದಂತೆ ಮಾಡಿಕೊಂಡವನಿಗೆ ಕರ್ಣನಂಥವರೇ ಸಿಗುತ್ತಾರೆ. ಅದರಲ್ಲೂ ಕರ್ಣನಷ್ಟು ಒಳ್ಳೆಯವನು ಸಿಕ್ಕರೆ ಅದೃಷ್ಟ. ಹೆಚ್ಚಿನವರಿಗೆ ಸಿಗುವವನು ಶಕುನಿ. ಗಾಂಧಿಯ ದೊಡ್ಡತನ ಟ್ಯಾಗೋರ್‌ಗೆ ಉತ್ತರ ಕೊಟ್ಟದ್ದರಲ್ಲಿ ಅಷ್ಟಿಲ್ಲ, ತಮ್ಮ ಪತ್ರಿಕೆಯಲ್ಲೇ ತಮ್ಮ ವಿರುದ್ಧದ ಮಾತಿಗೆ ಜಾಗ ಕೊಟ್ಟದ್ದರಲ್ಲಿದೆ. ಗೆಳೆಯರು ಬಾಯಿ ಬಿಡುವಂತೆ ಬದುಕುವುದು ಒಂದು ಸಾಧನೆ. ಅದಕ್ಕೆ ಮಾಡಿದ ಉಪಕಾರವನ್ನು ಮರೆಯಬೇಕು, ಮಾಡಿಸಿಕೊಂಡವನೂ ಅದನ್ನು ಮರೆಯಲು ಬಿಡಬೇಕು. ಎದುರುಮಾತು ಕೇಳಿದ ಮೇಲೆ ಮಾರನೆಯ ದಿನ ಮೊದಲಿನ ಹಾಗೆಯೇ ಫೋನು ಮಾಡಬೇಕು. ಹಬ್ಬದ ದಿನ ಇನ್ನೂರು ಜನರ ವಾಟ್ಸಾಪ್ ಗುಂಪಿನಿಂದ ಶುಭಾಶಯ ಬರುವುದಕ್ಕೆ ಇಷ್ಟೆಲ್ಲ ಶ್ರಮ ಬೇಕಿಲ್ಲ. ಅಲ್ಲಿ ನಮ್ಮ ಫೋಟೋಗೆ ಹೆಬ್ಬೆರಳು ಎತ್ತಿ ತೋರಿಸಿದವರು ನಮ್ಮ ಒಳಿತನ್ನು ಬಯಸುತ್ತಿಲ್ಲವೆಂದಲ್ಲ. ಅದಕ್ಕಾಗಿ ನಮ್ಮ ಸಿಟ್ಟನ್ನು ಕಟ್ಟಿಕೊಳ್ಳಲು ಅವರಲ್ಲಿ ಎಷ್ಟು ಮಂದಿ ತಯಾರಿದ್ದಾರೆ ಎಂಬುದು ಪ್ರಶ್ನೆ.

ಆದ್ದರಿಂದ ಲೆಕ್ಕದ ರೀತಿಯನ್ನೇ ಬದಲಿಸಿಕೊಳ್ಳುವುದು ಒಳ್ಳೆಯದು. ಕಷ್ಟ ಬಂದರೆ ಓಡಿಬರುವವರು ಎಷ್ಟು ಜನ ಎಂದು ಎಣಿಸಿ ಸಮಾಧಾನಪಡುವುದರ ಜೊತೆಗೆ, ಕಳೆದ ಹತ್ತು ವರ್ಷಗಳಲ್ಲಿ ನನ್ನ ಮುಖಕ್ಕೆ ‘ನೀನು ಮಾಡಿದ್ದು ತಪ್ಪು’ ಎಂದು ಹೇಳಿ, ಆಮೇಲೂ ನನ್ನ ಮನೆಗೆ ಊಟಕ್ಕೆ ಬರುತ್ತಿರುವವರು ಎಷ್ಟು ಜನ ಎಂದು ಎಣಿಸಬೇಕು. ಒಬ್ಬರಿದ್ದರೂ ಶ್ರೀಮಂತರು ನಾವು. ಯಾರೂ ಇಲ್ಲವೆಂದಾದರೆ, ನಾವು ತಪ್ಪೇ ಮಾಡಿಲ್ಲ ಎಂದು ಅದರ ಅರ್ಥವಲ್ಲ. ಹೇಳಬಲ್ಲವರನ್ನು ಎಂದೋ ಗದರಿಸಿ ಕೂರಿಸಿದ್ದೇವೆ, ಅಷ್ಟೇ.